ಮೇಲಿನವರ ನೀರು, ಕೆಳಗಿನವರ ಗೋಡೆ: ಕಾನೂನು ಯಾರ ಪರ?

ಮಳೆಗಾಲ ಶುರುವಾದರೆ ಸಾಕು, ಎರಡು ಬಗೆಯ ಸುದ್ದಿಗಳು ಜೊತೆಜೊತೆಗೇ ಬರುತ್ತವೆ. ನಗರದಲ್ಲಿ ರಾಜಕಾಲುವೆ ಮೇಲಿನ ಕಟ್ಟಡಕ್ಕೆ ಜೆಸಿಬಿ ಬಂತು ಅನ್ನುವುದು ಒಂದು. ಹಳ್ಳಿಯಲ್ಲಿ ಬದು ಒಡೆದ ವಿಚಾರಕ್ಕೆ ಅಕ್ಕಪಕ್ಕದ ಹೊಲದವರು ಹೊಡೆದಾಡಿ ಠಾಣೆ ಸೇರಿದರು ಅನ್ನುವುದು ಇನ್ನೊಂದು. 2022ರ ಸೆಪ್ಟೆಂಬರ್‌ನಲ್ಲಿ ಬೆಂಗಳೂರಿನ ಸರ್ಜಾಪುರ ರಸ್ತೆ, ಯಮಲೂರು ಕಡೆಯ ಬಡಾವಣೆಗಳು ಮುಳುಗಿದಾಗ ಇದನ್ನೆಲ್ಲ ನೋಡಿದ್ದೇವೆ. 2025ರ ಮೇ ತಿಂಗಳಲ್ಲಿ ಸಾಯಿ ಲೇಔಟ್‌ಗೆ ನೀರು ನುಗ್ಗಿದಾಗ ಮತ್ತೆ ನೋಡಿದೆವು.

ಪೇಪರಿಗೆ ಬಾರದ ಜಗಳಗಳು ಇದಕ್ಕಿಂತ ಜಾಸ್ತಿ. ಪಕ್ಕದ ಮನೆಯ ತಾರಸಿ ಪೈಪು ನಮ್ಮ ಗೋಡೆಗೇ ನೀರು ಬಿಡುತ್ತದೆ. ಕೆಳಗಿನ ಸೈಟಿನವರು ಕಾಂಪೌಂಡ್ ಎತ್ತರಿಸಿದ್ದರಿಂದ ನಮ್ಮ ಅಂಗಳದಲ್ಲಿ ನೀರು ನಿಲ್ಲುತ್ತದೆ. ಮೇಲಿನ ತೋಟದವರು ಹೊಸ ಬಸಿಗಾಲುವೆ ತೆಗೆದು ನೀರನ್ನೆಲ್ಲ ನಮ್ಮ ಗದ್ದೆಗೆ ತಿರುಗಿಸಿದ್ದಾರೆ. ಇಂಥ ಪ್ರಕರಣಗಳಲ್ಲಿ ಒಬ್ಬರಿಗೆ ಕೋರ್ಟು 'ಗೋಡೆ ತೆಗೆ, ನೀರು ಹರಿಯಲಿ' ಅನ್ನುತ್ತದೆ. ಇನ್ನೊಬ್ಬರಿಗೆ 'ನಿನ್ನ ನೀರನ್ನು ಅವರ ಜಾಗಕ್ಕೆ ಬಿಡಬೇಡ' ಅನ್ನುತ್ತದೆ. ಎರಡೂ ಮಳೆನೀರೇ. ಓದಿದವರಿಗೆ ಗೊಂದಲ ಆಗದೇ ಇರುತ್ತದೆಯೇ?

ಈ ಎರಡು ಆದೇಶಗಳಲ್ಲಿ ವಿರೋಧ ಇಲ್ಲ. ನೀರು ಎತ್ತ ಹರಿಯಿತು ಎಂಬುದಕ್ಕಿಂತ, ಅದು ತಾನಾಗಿ ಹರಿಯಿತೋ ಅಥವಾ ಯಾರಾದರೂ ಹರಿಸಿದರೋ ಎಂಬುದನ್ನು ಕಾನೂನು ಮೊದಲು ಕೇಳುತ್ತದೆ. ಇಡೀ ವಿಷಯ ನಿಂತಿರುವುದು ಈ ಒಂದು ಪ್ರಶ್ನೆಯ ಮೇಲೆ.

ಇಳಿಜಾರಿನ ನಿಯಮ

ಇಂಥ ಜಗಳಗಳಿಗೆ ಇವತ್ತಿಗೂ ಮೂಲ ಆಧಾರ 1882ರ ಭಾರತೀಯ ಈಸ್‌ಮೆಂಟ್ ಕಾಯ್ದೆ. ಇನ್ನೊಬ್ಬರ ಜಾಗದ ಮೇಲೆ ನಮಗಿರುವ ಅನುಭೋಗದ ಹಕ್ಕನ್ನು ಈಸ್‌ಮೆಂಟ್ ಅನ್ನುತ್ತಾರೆ. ದಾರಿಯ ಹಕ್ಕು, ಬೆಳಕಿನ ಹಕ್ಕು, ನೀರು ಹರಿಸುವ ಹಕ್ಕು ಎಲ್ಲ ಇದರಲ್ಲಿ ಬರುತ್ತವೆ. ಕಾಯ್ದೆ ಬಂದಾಗ ಅನ್ವಯವಾಗಿದ್ದು ಮದ್ರಾಸ್ ಪ್ರಾಂತ್ಯ, ಮಧ್ಯ ಪ್ರಾಂತ್ಯ ಮತ್ತು ಕೊಡಗಿಗೆ ಮಾತ್ರ. ಆಗ ಮದ್ರಾಸ್ ಪ್ರಾಂತ್ಯದಲ್ಲಿದ್ದ ದಕ್ಷಿಣ ಕನ್ನಡಕ್ಕೂ ಅಲ್ಲಿಂದಲೇ ಬಂತು.

ಈ ಕಾಯ್ದೆಯ 7ನೇ ಕಲಂ ಜಮೀನಿನ ಸಹಜ ಹಕ್ಕುಗಳಿಗೆ ಕೆಲವು ಉದಾಹರಣೆ ಕೊಡುತ್ತದೆ. ಅದರಲ್ಲೊಂದರ ತಾತ್ಪರ್ಯ ಇಷ್ಟು: ಮೇಲಿನ ಜಮೀನಿನಲ್ಲಿ ತಾನಾಗಿ ಉಕ್ಕಿದ ಅಥವಾ ಅದರ ಮೇಲೆ ಬಿದ್ದ ನೀರು, ಗೊತ್ತಾದ ಕಾಲುವೆಯಲ್ಲಿ ಹರಿಯದಿದ್ದರೂ, ಸಹಜವಾಗಿ ಕೆಳಗಿನ ಜಮೀನಿಗೆ ಇಳಿದುಹೋಗಲು ಕೆಳಗಿನವನು ಬಿಡಬೇಕು.

ಇಲ್ಲಿ ಒಂದು ಸೂಕ್ಷ್ಮ ಇದೆ. ಇದು ಈಸ್‌ಮೆಂಟ್ ಅಲ್ಲ, ಸಹಜ ಹಕ್ಕು. ಅಂದರೆ ಇದನ್ನು ಪಡೆಯಲು 20 ವರ್ಷ ಕಾಯಬೇಕಿಲ್ಲ, ಪತ್ರ ಬರೆಸಿಕೊಳ್ಳಬೇಕಿಲ್ಲ, ಪಕ್ಕದವರ ಒಪ್ಪಿಗೆಯೂ ಬೇಕಿಲ್ಲ. ನಿನ್ನೆ ಜಮೀನು ಕೊಂಡವರಿಗೂ ಇವತ್ತೇ ಈ ಹಕ್ಕು ಇರುತ್ತದೆ. ನೆಲದ ಇಳಿಜಾರೇ ಅದಕ್ಕೆ ಆಧಾರ. ಹಾಗಾಗಿ ಕೆಳಗಿನವರು ಬದು ಏರಿಸಿಯೋ ಗೋಡೆ ಕಟ್ಟಿಯೋ ಆ ನೀರನ್ನು ಹಿಂದಕ್ಕೆ ತಳ್ಳಿದರೆ, ಮೇಲಿನವರು ಕೋರ್ಟಿನಿಂದ ತಡೆಯಾಜ್ಞೆ ಕೇಳಬಹುದು.

'ನನ್ನ ಜಾಗದಲ್ಲಿ ನಾನು ಗೋಡೆ ಕಟ್ಟಿಕೊಂಡರೆ ಇವರಿಗೇನು ಕಷ್ಟ?' ಎಂಬ ವಾದ ಬಿದ್ದುಹೋಗುವುದು ಇಲ್ಲೇ. ಜಾಗ ನಿಮ್ಮದೇ. ಆದರೆ ಮೇಲಿನಿಂದ ಇಳಿಯುವ ನೀರನ್ನು ಹೊತ್ತುಕೊಂಡೇ ಅದು ನಿಮ್ಮ ಕೈಗೆ ಬಂದಿದೆ. ಕ್ರಯಪತ್ರದಲ್ಲಿ ನಿಧಿ, ನಿಕ್ಷೇಪ, ಜಲ, ಪಾಷಾಣ ಅಂತ ಅಷ್ಟಭೋಗಗಳನ್ನೂ ಬರೆಸಿಕೊಂಡಿದ್ದೇನೆ ಅನ್ನುವವರಿದ್ದಾರೆ. ಆ ಸಾಲು ಎಷ್ಟೇ ಗಂಭೀರವಾಗಿ ಕಂಡರೂ, ಪಕ್ಕದವರ ಸಹಜ ಹಕ್ಕನ್ನು ಅಳಿಸಿಹಾಕುವ ಶಕ್ತಿ ಅದಕ್ಕಿಲ್ಲ.

ಕೆಳಗಿನವರು ಎಷ್ಟರ ಮಟ್ಟಿಗೆ ಸಹಿಸಬೇಕು?

ಇಷ್ಟು ಓದಿದ ಮೇಲಿನ ಜಮೀನಿನವರು ಖುಷಿಪಡುವ ಮೊದಲು, 'ಸಹಜವಾಗಿ' ಅನ್ನುವ ಮಾತನ್ನು ಗಮನಿಸಬೇಕು. ಮೇಲಿನವರ ಹಕ್ಕಿಗೆ ಇರುವ ಮಿತಿ ಅದೊಂದೇ ಮಾತಿನಲ್ಲಿದೆ. ನೀರನ್ನು ಒಂದೆಡೆ ಕೂಡಿಸಿ ಒಂದೇ ಬಾಯಿಂದ ಬಿಟ್ಟರೆ ಅದು ಸಹಜ ಹರಿವಲ್ಲ. ಬೇರೆ ದಿಕ್ಕಿಗೆ ಇಳಿಯುತ್ತಿದ್ದ ನೀರನ್ನು ಇತ್ತ ತಿರುಗಿಸಿದರೂ ಅಲ್ಲ. ಬೋರ್‌ವೆಲ್ಲಿನಿಂದ ಎತ್ತಿದ ನೀರಂತೂ ಮಳೆನೀರೇ ಅಲ್ಲ. ಬಚ್ಚಲ ನೀರು, ದನದ ಕೊಟ್ಟಿಗೆ ತೊಳೆದ ನೀರು, ಪಿಟ್ ತುಂಬಿ ಹರಿದ ನೀರನ್ನು ಕೆಳಗಿನವರು ಸಹಿಸಿಕೊಳ್ಳಬೇಕು ಎಂದು ಈ ನಿಯಮ ಎಲ್ಲೂ ಹೇಳುವುದಿಲ್ಲ.

ಒಂದು ಲೆಕ್ಕ ನೋಡಿ. ಒಂದು ಚದರ ಮೀಟರಿನ ಮೇಲೆ 1 ಮಿ.ಮೀ. ಮಳೆ ಬಿದ್ದರೆ 1 ಲೀಟರ್ ನೀರು. ಒಂದು ಎಕರೆ ಅಂದರೆ ಸುಮಾರು 4,047 ಚದರ ಮೀಟರ್. ಅಲ್ಲಿಗೆ 50 ಮಿ.ಮೀ. ಮಳೆ ಹೊಡೆದರೆ ಬೀಳುವುದು 2 ಲಕ್ಷ ಲೀಟರ್. ಹೊಲ ಹೊಲವಾಗಿಯೇ ಇದ್ದರೆ ಅದರಲ್ಲಿ ಒಂದು ಪಾಲು ಇಂಗುತ್ತದೆ, ಒಂದು ಪಾಲು ಬದುವಿನ ಹತ್ತಿರ ನಿಲ್ಲುತ್ತದೆ, ಉಳಿದಿದ್ದು ಅಗಲವಾಗಿ, ನಿಧಾನಕ್ಕೆ ಕೆಳಗಿಳಿಯುತ್ತದೆ. ಕಾನೂನು ಒಪ್ಪುವುದು ಈ ಇಳಿತವನ್ನು. ಈಗ ಅದೇ ಎಕರೆಗೆ ಮಣ್ಣು ಹಾಕಿ ಸಮ ಮಾಡಿ, ಗೋದಾಮು ಕಟ್ಟಿ, ಅಂಗಳಕ್ಕೆ ಕಾಂಕ್ರೀಟ್ ಸುರಿದು, ಎಲ್ಲ ನೀರನ್ನೂ ಒಂದು ದೊಡ್ಡ ಪೈಪಿನಿಂದ ಹೊರಗೆ ಬಿಟ್ಟರೆ? ಮಳೆ ಅಷ್ಟೇ, ಇಳಿಜಾರೂ ಅದೇ. ಆದರೆ ಇಂಗಬೇಕಿದ್ದ ನೀರೂ ಸೇರಿ, ಅರ್ಧ ಗಂಟೆಯಲ್ಲಿ, ಒಂದೇ ಜಾಗಕ್ಕೆ ಬಂದು ಬೀಳುತ್ತದೆ. ಕೆಳಗಿನ ಹೊಲದ ಮೇಲ್ಮಣ್ಣು ಕೊಚ್ಚಿಹೋಗುವುದು ಇದರಿಂದಲೇ. ಇದನ್ನು ತಡೆಯಲು ಕೆಳಗಿನವರು ಕೋರ್ಟಿಗೆ ಹೋಗಬಹುದು, ನಷ್ಟವನ್ನೂ ಕೇಳಬಹುದು.

ಹಾಗಾದರೆ ಮೇಲಿನವರು ತಮ್ಮ ಜಮೀನಿನಲ್ಲಿ ಏನೂ ಮಾಡುವಂತಿಲ್ಲವೇ? ಹಾಗೇನಿಲ್ಲ. ಉಳುಮೆ, ಬಿತ್ತನೆ, ಸಣ್ಣಪುಟ್ಟ ಬದುಗಳಂಥ ಮಾಮೂಲಿ ಬೇಸಾಯದಿಂದ ಹರಿವು ಒಂದಿಷ್ಟು ಆಚೀಚೆ ಆದರೆ ಅದನ್ನು ತಪ್ಪು ಎಂದು ನೋಡುವುದು ಕಷ್ಟ. ಜಗಳ ಹುಟ್ಟುವುದು ಜಮೀನಿನ ಸ್ವರೂಪವೇ ಬದಲಾದಾಗ. ಮಲೆನಾಡು, ಕರಾವಳಿಯಲ್ಲಿ ಗುಡ್ಡ ತರಿದು ಮನೆ ಅಡಿಪಾಯಕ್ಕೋ ರಬ್ಬರ್ ತೋಟಕ್ಕೋ ಹಂತ ಮಾಡಿದಾಗ ಆಗುವುದೂ ಇದೇ. ಜೆಸಿಬಿ ಒಂದು ದಿನದಲ್ಲಿ ಮಾಡುವ ಬದಲಾವಣೆಯನ್ನು 1882ರಲ್ಲಿ ಯಾರೂ ಊಹಿಸಿರಲಿಲ್ಲ. ಆದರೂ ಆ ಕಾಲದ ಪರೀಕ್ಷೆ ಇಲ್ಲೂ ಕೆಲಸ ಮಾಡುತ್ತದೆ. ಹರಿವಿನ ಪ್ರಮಾಣ, ದಿಕ್ಕು, ರಭಸ ಬದಲಾಗಿದ್ದರೆ ಆ ಬದಲಾವಣೆಯಿಂದ ಆಗುವ ಹಾನಿಗೆ ಅದನ್ನು ಮಾಡಿದವರೇ ಹೊಣೆ.

ತಾರಸಿ ನೀರಿಗೆ ಇಳಿಜಾರಿನ ನಿಯಮ ಇಲ್ಲ

ಪಟ್ಟಣದ ಜಗಳಗಳಲ್ಲಿ ಅರ್ಧಕ್ಕರ್ಧ ತಪ್ಪು ತಿಳಿವಳಿಕೆ ಇರುವುದು ಇಲ್ಲಿ. 'ಮಳೆನೀರು ತಾನೇ, ನಾನೇನು ಕೊಳಚೆ ಬಿಡ್ತಿಲ್ವಲ್ಲ' ಎಂದು ತಾರಸಿಯ ಪೈಪನ್ನು ಪಕ್ಕದ ಸೈಟಿನ ಕಡೆ ತಿರುಗಿಸುವವರು ಇದ್ದಾರೆ. ಸೂರು ಪಕ್ಕದವರ ಜಾಗದ ಮೇಲೆ ಚಾಚಿ, ಹನಿ ಅಲ್ಲೇ ಬೀಳುವಂತೆ ಮಾಡುವವರೂ ಇದ್ದಾರೆ. ತಾರಸಿ ಮನುಷ್ಯ ಕಟ್ಟಿದ್ದು, ಪೈಪೂ ಅಷ್ಟೇ. ಆದ್ದರಿಂದ ಅಲ್ಲಿಂದ ಬೀಳುವ ನೀರಿಗೆ ಸಹಜ ಹಕ್ಕು ಅನ್ವಯಿಸುವುದಿಲ್ಲ. ಪತ್ರದ ಮೂಲಕ ಪಡೆದ ಹಕ್ಕೋ, 20 ವರ್ಷದ ರೂಢಿಯ ಹಕ್ಕೋ ಇದ್ದರೆ ಮಾತ್ರ ಹಾಗೆ ಬಿಡಬಹುದು.

30 × 40 ಅಡಿಯ ಸೈಟು ಅಂದರೆ ಸುಮಾರು 111 ಚದರ ಮೀಟರ್. 50 ಮಿ.ಮೀ. ಮಳೆಗೆ ಅದರ ಮೇಲೆ 5,500 ಲೀಟರ್ ಬೀಳುತ್ತದೆ, ಹೆಚ್ಚುಕಡಿಮೆ ಒಂದು ಟ್ಯಾಂಕರ್. ಅಷ್ಟು ನೀರು ಪಕ್ಕದವರ ಅಡಿಪಾಯದ ಬುಡಕ್ಕೇ ಇಳಿದರೆ ಗೋಡೆಗೆ ತೇವ ಏರದೆ ಇರುತ್ತದೆಯೇ? ಬೆಂಗಳೂರಿನಲ್ಲಿ 2009ರ ತಿದ್ದುಪಡಿಯ ನಂತರ ಈ ಅಳತೆಯ ಸೈಟಿನಲ್ಲಿ ಹೊಸ ಮನೆ ಕಟ್ಟುವವರಿಗೆ ಮಳೆನೀರು ಸಂಗ್ರಹ ಕಡ್ಡಾಯವಾಯಿತು. ಅದನ್ನು ಕುಡಿಯುವ ನೀರಿನ ಯೋಜನೆ ಅಂತಲೇ ಎಲ್ಲರೂ ನೋಡುತ್ತಾರೆ. ಆದರೆ ಸಂಪು, ಇಂಗುಗುಂಡಿ ನಿಜಕ್ಕೂ ಕೆಲಸ ಮಾಡುತ್ತಿದ್ದರೆ ಅದರಷ್ಟು ಜಗಳ ತಪ್ಪಿಸುವ ವ್ಯವಸ್ಥೆ ಇನ್ನೊಂದಿಲ್ಲ.

ಬರಬೇಡ ಅನ್ನುವಂತಿಲ್ಲ, ಬಾ ಅನ್ನುವಂತೆಯೂ ಇಲ್ಲ

ಬಯಲುಸೀಮೆಯಲ್ಲಿ ಜಗಳ ಉಲ್ಟಾ. ಅಲ್ಲಿ ನೀರು ಬಂತು ಅಂತ ಅಲ್ಲ, ನಿಂತುಹೋಯಿತು ಅಂತ ತಕರಾರು. 2014ರಲ್ಲಿ ಶುರುವಾದ ಕೃಷಿ ಭಾಗ್ಯ ಯೋಜನೆಯಲ್ಲಿ ಒಣಬೇಸಾಯದ ಪ್ರದೇಶಗಳಲ್ಲಿ ಕೃಷಿ ಹೊಂಡಗಳು ಬಂದವು. ಮೇಲಿನವರು ಹೊಂಡ ತೆಗೆಸಿ ನೀರು ಹಿಡಿದರೆ, ಇಷ್ಟು ವರ್ಷ ತನ್ನ ಹೊಲಕ್ಕೆ ಇಳಿಯುತ್ತಿದ್ದ ನೀರು ಹೋಯಿತಲ್ಲ ಎಂದು ಕೆಳಗಿನವರಿಗೆ ಅನ್ನಿಸುವುದು ಸಹಜ.

ಕಾನೂನು ಇಲ್ಲಿ ಮೇಲಿನವರ ಪರ. ಗೊತ್ತಾದ ಕಾಲುವೆಯಲ್ಲಿ ಹರಿಯದ ಮೇಲ್ಮೈ ನೀರನ್ನು ತನ್ನ ಎಲ್ಲೆಯೊಳಗೆ ಹಿಡಿದು ಬಳಸಿಕೊಳ್ಳುವ ಹಕ್ಕು ಪ್ರತಿ ಮಾಲೀಕನಿಗೂ ಇದೆ ಎಂದು 7ನೇ ಕಲಮಿನ ಇನ್ನೊಂದು ಉದಾಹರಣೆ ಹೇಳುತ್ತದೆ. ಅಷ್ಟೇ ಅಲ್ಲ, ಹೀಗೆ ಹರಡಿ ಹರಿಯುವ ನೀರಿನ ಮೇಲೆ ಎಷ್ಟೇ ವರ್ಷದ ರೂಢಿಯಿಂದಲೂ ಹಕ್ಕು ಹುಟ್ಟುವುದಿಲ್ಲ ಎಂದು 17ನೇ ಕಲಂ ಸ್ಪಷ್ಟವಾಗಿ ಹೇಳುತ್ತದೆ. ಅಂದರೆ ಕೆಳಗಿನವರು ಬಂದ ನೀರನ್ನು ತಡೆಯುವಂತಿಲ್ಲ. ಬಾರದ ನೀರನ್ನು ಕೇಳುವಂತೆಯೂ ಇಲ್ಲ. ಕೇಳಲು ಇದು ಅನ್ಯಾಯ ಅನ್ನಿಸಬಹುದು. ಆದರೆ ಹಾಗಿಲ್ಲದಿದ್ದರೆ ಯಾರೂ ತಮ್ಮ ಹೊಲದಲ್ಲಿ ಒಂದು ಬದು ಹಾಕುವುದಕ್ಕೂ ಕೆಳಗಿನವರ ಅಪ್ಪಣೆ ಕೇಳಬೇಕಾಗುತ್ತಿತ್ತು.

ಹೊಂಡ ತೆಗೆದ ಜಾಗದಲ್ಲಿ ಹಳ್ಳವೋ ತೋಡೋ ಇದ್ದರೆ ಮಾತ್ರ ಈ ಉತ್ತರ ತಲೆಕೆಳಗಾಗುತ್ತದೆ. ಅದಕ್ಕೆ ಮುಂದೆ ಬರೋಣ.

20 ವರ್ಷದ ಲೆಕ್ಕ

'ನಮ್ಮ ಅಜ್ಜನ ಕಾಲದಿಂದ ಈ ಮೋರಿ ಹೀಗೇ ಹೋಗ್ತಿದೆ' ಎಂಬ ಮಾತು ಪ್ರತಿ ದಾವೆಯಲ್ಲೂ ಬರುತ್ತದೆ. ಇದಕ್ಕೆ ಕಾನೂನಿನಲ್ಲಿ ಬೆಲೆ ಇದೆ. 15ನೇ ಕಲಮಿನ ಪ್ರಕಾರ, ಒಂದು ಹಕ್ಕನ್ನು 20 ವರ್ಷ ತಡೆಯಿಲ್ಲದೆ, ಬಹಿರಂಗವಾಗಿ, ಶಾಂತಿಯಿಂದ, ಹಕ್ಕೆಂದೇ ಅನುಭವಿಸಿದ್ದರೆ ಅದು ಗಟ್ಟಿಯಾಗುತ್ತದೆ. ಸರ್ಕಾರಿ ಜಾಗದ ಮೇಲಾದರೆ 30 ವರ್ಷ. ಆ ಅವಧಿ ಮುಗಿದು ಎರಡು ವರ್ಷದೊಳಗೆ ದಾವೆ ಹಾಕಿರಬೇಕು. ಹತ್ತು ವರ್ಷದ ಹಿಂದೆ ನಿಂತುಹೋದ ಮೋರಿಗೆ ಈಗ ಎದ್ದು ಹಕ್ಕು ಕೇಳಿದರೆ ನಡೆಯುವುದಿಲ್ಲ.

ಬಹಳ ಜನ ಸೋಲುವುದು 'ಹಕ್ಕೆಂದೇ' ಅನ್ನುವ ಷರತ್ತಿನಲ್ಲಿ. ಪಕ್ಕದವರು 'ಹೋಗ್ಲಿ ಬಿಡಪ್ಪ, ಹರಿಸ್ಕೋ' ಎಂದು ಬಾಯಿಮಾತಿನಲ್ಲಿ ಬಿಟ್ಟುಕೊಟ್ಟಿದ್ದರೆ ಅದು ಬರೀ ಅನುಮತಿ. ಅನುಮತಿಯಿಂದ ಹರಿಸಿದ ನೀರು 40 ವರ್ಷ ಹರಿದರೂ ಹಕ್ಕಾಗುವುದಿಲ್ಲ. ಹಾಗಾಗಿ ಒಳ್ಳೆಯ ನೆರೆಹೊರೆ ಇದ್ದವರಿಗೇ ಕೋರ್ಟಿನಲ್ಲಿ ಹಕ್ಕು ಸಾಬೀತು ಮಾಡುವುದು ಕಷ್ಟ. ಇದು ವಿಚಿತ್ರ, ಆದರೆ ಇದಕ್ಕೊಂದು ತರ್ಕ ಇದೆ. ಒಂದು ಉಪಕಾರ ಮಾಡಿದ್ದಕ್ಕೇ ಜಾಗದ ಮೇಲೆ ಶಾಶ್ವತ ಹೊರೆ ಬೀಳುತ್ತದೆ ಅಂತಾದರೆ, ಮುಂದೆ ಯಾರೂ ಪಕ್ಕದವರಿಗೆ ಒಂದು ಕೊಡ ನೀರು ಹರಿಸಲೂ ಬಿಡುವುದಿಲ್ಲ.

ಹಕ್ಕು ಸಿಕ್ಕ ಮೇಲೂ ಅದನ್ನು ಬೆಳೆಸುವಂತಿಲ್ಲ. ಒಂದು ಮನೆಯ ಬಚ್ಚಲ ನೀರಿಗೆ ಇದ್ದ ಮೋರಿಯ ಹಕ್ಕನ್ನು ಇಟ್ಟುಕೊಂಡು, ಅಲ್ಲಿ ನಾಲ್ಕು ಮಹಡಿ ಬಾಡಿಗೆ ಮನೆ ಕಟ್ಟಿ, ಎಲ್ಲರ ನೀರನ್ನೂ ಅದೇ ಮೋರಿಗೆ ಬಿಟ್ಟರೆ 29ನೇ ಕಲಂ ಒಪ್ಪುವುದಿಲ್ಲ. ಪಟ್ಟಣಗಳ ಹಳೇ ಬೀದಿಗಳಲ್ಲಿ ಈಗ ಹೆಚ್ಚು ಕಾಣುವುದು ಇದೇ ಬಗೆ.

ಅಣ್ಣತಮ್ಮಂದಿರು ಪಾಲಾದ ಮನೆಯ ಕಥೆ ಬೇರೆ. ಒಂದೇ ಮನೆಯಾಗಿದ್ದಾಗ ಇದ್ದ ಚರಂಡಿ, ಪಾಲಾದ ಮೇಲೆ ಒಬ್ಬರ ಅಂಗಳದಲ್ಲಿ ಉಳಿದುಬಿಡುತ್ತದೆ. 13ನೇ ಕಲಮಿನ ಪ್ರಕಾರ, ಪಾಲಾಗುವಾಗ ಕಣ್ಣಿಗೆ ಕಾಣುವಂತಿದ್ದು, ನಿರಂತರ ಬಳಕೆಯಲ್ಲಿದ್ದು, ಮನೆಯ ಅನುಭೋಗಕ್ಕೆ ಬೇಕೇಬೇಕಾದ ಚರಂಡಿಯ ಹಕ್ಕು ತಾನಾಗಿ ಇನ್ನೊಬ್ಬರಿಗೂ ಬರುತ್ತದೆ. 20 ವರ್ಷ ಕಾಯಬೇಕಿಲ್ಲ. ಆದರೆ ಪಾಲುಪತ್ರದಲ್ಲಿ 'ಮಾಮೂಲು ನೀರು ಹರಿಯುವ ಹಕ್ಕು ಇರತಕ್ಕದ್ದು' ಎಂದು ಒಂದು ಸಾಲು ಬರೆಸದೆ ಸುಮ್ನೆ ಬಿಟ್ಟದ್ದಕ್ಕೆ ಮಕ್ಕಳ ಕಾಲದಲ್ಲಿ ಕೋರ್ಟು ಹತ್ತಿದ ಕುಟುಂಬಗಳು ಎಷ್ಟೋ.

ಹಳ್ಳವಾದರೆ ಅದು ಇಬ್ಬರದ್ದೂ ಅಲ್ಲ

ಇಲ್ಲಿಯವರೆಗೆ ಹೇಳಿದ್ದು ಖಾಸಗಿ ಜಮೀನಿನ ಮೇಲೆ ಹರಡಿ ಹರಿಯುವ ನೀರಿನ ಮಾತು. ನೀರು ಹಳ್ಳ, ನಾಲಾ, ತೋಡು, ರಾಜಕಾಲುವೆಯಲ್ಲಿ ಹರಿಯುತ್ತಿದ್ದರೆ ಜಗಳದ ಸ್ವರೂಪವೇ ಬೇರೆ. 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 67ನೇ ಕಲಮಿನ ಪ್ರಕಾರ ಹಳ್ಳ, ತೊರೆ, ಕೆರೆ, ನಾಲಾಗಳು, ಬೇರೊಬ್ಬರ ಸ್ವತ್ತೆಂದು ಸಾಬೀತಾಗದ ಹೊರತು, ರಾಜ್ಯ ಸರ್ಕಾರಕ್ಕೆ ಸೇರಿದ್ದು. ಪಹಣಿಯಲ್ಲಿ 'ಬಿ' ಖರಾಬು, ಅಂದರೆ ಸಾಗುವಳಿಗೆ ಸೇರದೆ ಸಾರ್ವಜನಿಕ ಬಳಕೆಗೆ ಬಿಟ್ಟದ್ದು, ಅಂತ ತೋರಿಸುವ ಜಾಗಗಳಲ್ಲಿ ಇವೂ ಸೇರುತ್ತವೆ. ಸರ್ವೆ ನಂಬರಿನ ಒಳಗೇ ಹಾದುಹೋದರೂ ಅದು ಜಮೀನಿನ ಮಾಲೀಕರದ್ದಲ್ಲ.

ಸುದ್ದಿಯಲ್ಲಿ ಅತಿ ಹೆಚ್ಚು ಗೊಂದಲ ಹುಟ್ಟಿಸುವುದು ಈ ಭಾಗ. 'ನನ್ನ ಹತ್ತಿರ ಕ್ರಯಪತ್ರ ಇದೆ, ಖಾತೆ ಇದೆ, ಕಂದಾಯ ಕಟ್ಟಿದ್ದೇನೆ, ಪ್ಲಾನ್ ಮಂಜೂರಾಗಿದೆ. ಒತ್ತುವರಿ ಹೇಗಾಯ್ತು?' ಎಂದು ಮನೆ ಕಳೆದುಕೊಳ್ಳುವವರು ಕೇಳುತ್ತಾರೆ. ಅವರ ಸಿಟ್ಟು ನ್ಯಾಯವಾದದ್ದೇ. ಆದರೆ ಖಾತೆ ಅಂದರೆ ತೆರಿಗೆಯ ದಾಖಲೆ, ಒಡೆತನದ ದಾಖಲೆ ಅಲ್ಲ. ಮಾರಿದವರಿಗೇ ಇಲ್ಲದ ಒಡೆತನ ಕೊಂಡವರಿಗೆ ಬರುವುದಿಲ್ಲ. ಎಷ್ಟು ವರ್ಷದಿಂದ ಇದ್ದೀರಿ ಎಂಬುದೂ ಇಲ್ಲಿ ಹೆಚ್ಚು ನೆರವಿಗೆ ಬರುವುದಿಲ್ಲ. ಊರಿನ ಕೆರೆಕಟ್ಟೆ, ಸಾರ್ವಜನಿಕ ಜಾಗಗಳ ಒತ್ತುವರಿಯನ್ನು ಸಕ್ರಮ ಮಾಡುವ ರೂಢಿಯ ವಿರುದ್ಧ ಸುಪ್ರೀಂ ಕೋರ್ಟ್ 2011ರ ಜಗಪಾಲ್ ಸಿಂಗ್ ಪ್ರಕರಣದಲ್ಲಿ ಖಡಾಖಂಡಿತವಾಗಿ ಮಾತಾಡಿದೆ.

ಒತ್ತುವರಿ ಬೇರೆ, ಕಾಲುವೆಯ ಅಂಚಿನ ಮೀಸಲು ವಲಯ ಬೇರೆ. ಇದನ್ನೂ ಜನ ಕಲಸಿಬಿಡುತ್ತಾರೆ. 2016ರ ಮೇ ತಿಂಗಳಲ್ಲಿ ರಾಷ್ಟ್ರೀಯ ಹಸಿರು ನ್ಯಾಯಮಂಡಳಿ ಬೆಂಗಳೂರಿನ ಕೆರೆಗಳಿಗೆ 75 ಮೀಟರ್, ಮೂರು ದರ್ಜೆಯ ರಾಜಕಾಲುವೆಗಳಿಗೆ 50, 35, 25 ಮೀಟರ್ ವಲಯ ಗೊತ್ತುಮಾಡಿತು. 2019ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ ಅದನ್ನು ರದ್ದು ಮಾಡಿತು. ನಗರದ 2015ರ ಮಹಾಯೋಜನೆಯಲ್ಲಿದ್ದ ಅಳತೆ, ಅಂದರೆ ಕೆರೆಗೆ 30 ಮೀಟರ್, ಕಾಲುವೆಗಳಿಗೆ 50, 25, 15 ಮೀಟರ್, ಮತ್ತೆ ಜಾರಿಗೆ ಬಂತು. ಮೀಸಲು ವಲಯದ ಜಾಗ ನಿಮ್ಮದೇ ಆಗಿರಬಹುದು, ಅಲ್ಲಿ ಕಟ್ಟುವಂತಿಲ್ಲ ಅಷ್ಟೇ. ಕಾಲುವೆಯ ಜಾಗ ಮಾತ್ರ ನಿಮ್ಮದಲ್ಲವೇ ಅಲ್ಲ.

ಹಳ್ಳ ಮುಚ್ಚಿದ ನೆರೆಯವರ ವಿರುದ್ಧ ಸಿವಿಲ್ ದಾವೆಗಿಂತ ಬೇರೆ ದಾರಿಗಳೂ ಇವೆ. ತಹಶೀಲ್ದಾರರಿಗೆ ದೂರು ಕೊಟ್ಟು ಸರ್ವೆ ಮಾಡಿಸಬಹುದು. ಸಾರ್ವಜನಿಕ ಕಾಲುವೆಗೆ ಅಡ್ಡಿ ಅಂತಾದರೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 152ನೇ ಕಲಮಿನಡಿ ಮ್ಯಾಜಿಸ್ಟ್ರೇಟ್ ತೆರವಿಗೆ ಆದೇಶ ಕೊಡಬಹುದು. ಇದು ಹಳೇ ದಂಡ ಪ್ರಕ್ರಿಯಾ ಸಂಹಿತೆಯ 133ನೇ ಕಲಂ. 1980ರಲ್ಲಿ ಮಧ್ಯಪ್ರದೇಶದ ರತ್ಲಾಂ ಪುರಸಭೆ 'ಚರಂಡಿ ಕಟ್ಟಿಸಲು ದುಡ್ಡಿಲ್ಲ' ಎಂದಾಗ, ದುಡ್ಡಿಲ್ಲ ಅನ್ನುವುದು ಕರ್ತವ್ಯ ತಪ್ಪಿಸಿಕೊಳ್ಳಲು ನೆಪ ಆಗುವುದಿಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿದ್ದು ಇದೇ ಕಲಮಿನ ಪ್ರಕರಣದಲ್ಲಿ.

ನೆರೆ ನುಗ್ಗಿದಾಗ

ಅಸಾಧಾರಣ ಪ್ರವಾಹ ಬಂದಾಗ ಲೆಕ್ಕ ಸ್ವಲ್ಪ ಸಡಿಲ. ಬರುತ್ತಿರುವ ಪ್ರವಾಹದಿಂದ ತನ್ನ ಜಾಗ ಉಳಿಸಿಕೊಳ್ಳಲು ಒಡ್ಡು ಹಾಕುವುದನ್ನು ಹಳೇ ಇಂಗ್ಲಿಷ್ ತೀರ್ಪುಗಳು ಒಪ್ಪುತ್ತವೆ. ಆದರೆ ಒಮ್ಮೆ ತನ್ನಲ್ಲಿ ನಿಂತ ನೀರನ್ನು ಪಕ್ಕದವರ ಮೇಲೆ ಒಡೆದು ಬಿಡುವುದನ್ನು ಒಪ್ಪುವುದಿಲ್ಲ. 1884ರ ವ್ಹಾಲಿ ಪ್ರಕರಣದಲ್ಲಿ ರೈಲ್ವೆ ಕಂಪನಿಯೊಂದು ತನ್ನ ಏರಿ ಉಳಿಸಿಕೊಳ್ಳಲು ಅದರಲ್ಲಿ ತೂತು ಕೊರೆದು, ನಿಂತ ನೀರನ್ನು ಕೆಳಗಿನ ರೈತನ ಜಮೀನಿಗೆ ಬಿಟ್ಟಿತು. ನಷ್ಟಕ್ಕೆ ಕಂಪನಿಯೇ ಹೊಣೆ ಎಂದಾಯಿತು.

ನಮ್ಮ ಕಡೆಯದ್ದೇ ಒಂದು ಪ್ರಸಿದ್ಧ ಪ್ರಕರಣ ಇದೆ. ಈಗಿನ ಆಂಧ್ರದ ಕಾರ್ವೇಟಿನಗರದ ಜಮೀನ್ದಾರರ ಕೆರೆಗಳು ಭಾರಿ ಮಳೆಗೆ ಒಡೆದು ಮದ್ರಾಸ್ ರೈಲ್ವೆಯ ಹಾದಿ ಹಾಳಾಯಿತು. ಇಂಗ್ಲೆಂಡಿನಲ್ಲಾಗಿದ್ದರೆ, ನೀರು ಕೂಡಿಟ್ಟವನೇ ಅದು ತಪ್ಪಿಸಿಕೊಂಡರೂ ಹೊಣೆ ಎಂಬ ನಿಯಮ ಆಗಷ್ಟೇ ಬಂದಿತ್ತು. 1874ರಲ್ಲಿ ಪ್ರಿವಿ ಕೌನ್ಸಿಲ್ ಅದನ್ನು ಇಲ್ಲಿಗೆ ಹಾಗೇ ಹೇರಲಿಲ್ಲ. ಈ ದೇಶದಲ್ಲಿ ಕೆರೆ ಕಟ್ಟಿ ಕಾಪಾಡುವುದು ಜಮೀನ್ದಾರನ ಖಾಸಗಿ ಲಾಭದ ಕೆಲಸ ಅಲ್ಲ, ಸಾರ್ವಜನಿಕ ಕರ್ತವ್ಯ ಎಂಬುದನ್ನು ಅದು ಗಮನಿಸಿತು. ನಿರ್ಲಕ್ಷ್ಯ ತೋರಿಸದ ಹೊರತು ಹೊಣೆ ಇಲ್ಲ ಎಂದಿತು. ಈ ತೀರ್ಪಿನ ಸಾರ ಇವತ್ತಿಗೂ ಕೆಲಸಕ್ಕೆ ಬರುತ್ತದೆ. ನೀರು ಹಿಡಿದಿಟ್ಟವರು ಕೋಡಿ, ಏರಿ ಸರಿಯಾಗಿ ನೋಡಿಕೊಂಡಿದ್ದರೇ ಎಂಬುದು ಕೃಷಿ ಹೊಂಡ ಒಡೆದಾಗಲೂ ಏಳುವ ಪ್ರಶ್ನೆ.

ಕೋರ್ಟಿನಲ್ಲಿ ಗೆಲ್ಲುವುದು ಯಾವುದು?

ಇಂಥ ದಾವೆಗಳಲ್ಲಿ ಕಾನೂನಿನ ತಕರಾರು ಕಡಿಮೆ. ಮೊದಲು ನೀರು ಹೇಗೆ ಹರಿಯುತ್ತಿತ್ತು ಎಂಬ ಸಾಕ್ಷ್ಯದ ತಕರಾರೇ ಜಾಸ್ತಿ. ಬಾಯಿಮಾತಿನ ಸಾಕ್ಷಿಗಳು ಎರಡೂ ಕಡೆ ಸಿಗುತ್ತಾರೆ. ಹಾಗಾಗಿ ಗ್ರಾಮ ನಕ್ಷೆ, ಸರ್ವೆ ಟಿಪ್ಪಣಿ (ಜಮೀನಿನ ಅಳತೆಯ ಮೂಲ ದಾಖಲೆ), ಪಹಣಿಯ ಖರಾಬು ಕಾಲಂ, ಹಳೇ ಫೋಟೋಗಳು ಮುಖ್ಯವಾಗುತ್ತವೆ. ಸರ್ಕಾರದ ದಿಶಾಂಕ್ ಆ್ಯಪ್ ಮೂಲ ಗ್ರಾಮ ನಕ್ಷೆಯನ್ನು ಈಗಿನ ನೆಲದ ಮೇಲೆ ಹೊಂದಿಸಿ ತೋರಿಸುತ್ತದೆ. ಹಳೇ ನಕ್ಷೆಯ ಹಳ್ಳ ಯಾರ ಸೈಟಿನಡಿ ಹೋಗಿದೆ ಎಂದು ಅಂದಾಜು ಮಾಡಲು ಅದು ಸಾಕು. ಅಧಿಕೃತವಾಗಿ ಬೇಕಾದರೆ ಸರ್ವೆಯೇ ಆಗಬೇಕು. ಕೋರ್ಟು ಕಮಿಷನರ್ ಒಬ್ಬರನ್ನು ನೇಮಿಸಿ ಸ್ಥಳ ಪರಿಶೀಲನೆ ಮಾಡಿಸಬಹುದು. ಮಳೆಗಾಲದಲ್ಲಿ ನಡೆದ ಪರಿಶೀಲನೆಗೂ ಮಾರ್ಚ್‌ನಲ್ಲಿ ನಡೆದದ್ದಕ್ಕೂ ಅಜಗಜಾಂತರ. ಇದನ್ನು ವಕೀಲರೂ ಮರೆಯುವುದುಂಟು.

ಸಮಯದ ಮಾತು ಇನ್ನೂ ಮುಖ್ಯ. ಗೋಡೆ ಏಳುವ ಮೊದಲೇ ಹೋದರೆ ಕೇಳಬೇಕಿರುವುದು 'ಕಟ್ಟದಂತೆ ತಡೆಯಿರಿ' ಅಂತ ಮಾತ್ರ. ಎದ್ದ ಮೇಲೆ ಹೋದರೆ 'ಕೆಡವಿಸಿ' ಅಂತ ಕೇಳಬೇಕು. ದಾವೆ ಮುಗಿಯುವ ಮೊದಲೇ ಕೆಡವಲು ಆದೇಶ ಕೊಡಲು ಕೋರ್ಟುಗಳು ಹಿಂಜರಿಯುತ್ತವೆ. ಎರಡೂ ಕಡೆಗೆ ನ್ಯಾಯವಾಗಿ ಕಾಣುವ 'ಯಥಾಸ್ಥಿತಿ ಕಾಪಾಡಿ' ಎಂಬ ಆದೇಶ ಬಂದಾಗ ಗೋಡೆ ಅರ್ಧ ಎದ್ದಿದ್ದರೆ, ನೀರು ಅರ್ಧ ನಿಂತೇ ಇರುತ್ತದೆ. ದಾವೆ ನಡೆಯುವಷ್ಟು ವರ್ಷವೂ ಅಷ್ಟೇ.

ಸಿಟ್ಟಿನಲ್ಲಿ ಹಾರೆ ಹಿಡಿದು ಒಡೆದುಹಾಕುವುದು ಎಲ್ಲಕ್ಕಿಂತ ಕೆಟ್ಟ ದಾರಿ. ಈಸ್‌ಮೆಂಟ್ ಹಕ್ಕು ನಿಮಗೆ ನಿಜವಾಗಿ ಇದ್ದರೂ, ಅಡ್ಡಿಯನ್ನು ನೀವೇ ತೆರವು ಮಾಡುವಂತಿಲ್ಲ ಎಂದು ಈಸ್‌ಮೆಂಟ್ ಕಾಯ್ದೆಯ 36ನೇ ಕಲಂ ನೇರವಾಗಿ ಹೇಳುತ್ತದೆ. ಸಾಗುವಳಿ ನೀರಿಗೆ ಧಕ್ಕೆ ತರುವುದು, ಸಾರ್ವಜನಿಕ ಚರಂಡಿಗೆ ಅಡ್ಡ ಹಾಕಿ ನೀರು ನುಗ್ಗಿಸುವುದು ಭಾರತೀಯ ನ್ಯಾಯ ಸಂಹಿತೆಯ 326ನೇ ಕಲಮಿನಡಿ ಅಪರಾಧ, ಐದು ವರ್ಷದವರೆಗೆ ಶಿಕ್ಷೆ ಇದೆ. ಗೆಲ್ಲಬಹುದಾಗಿದ್ದ ಸಿವಿಲ್ ದಾವೆಯ ವಾದಿ ಹೀಗೆ ಕ್ರಿಮಿನಲ್ ಕೇಸಿನ ಆರೋಪಿಯಾಗುತ್ತಾರೆ.

ಲೋಕ ಅದಾಲತ್ ಇಂಥವಕ್ಕೆ ಹೇಳಿಮಾಡಿಸಿದ ಜಾಗ. ಕೋರ್ಟಿನ ತೀರ್ಪು 'ಹಕ್ಕು ಇದೆ' ಅಥವಾ 'ಇಲ್ಲ' ಎನ್ನಬಹುದು. ರಾಜಿಯಲ್ಲಿ ಮಾತ್ರ 'ಗೋಡೆಯಡಿ ಇಷ್ಟು ದಪ್ಪದ ಪೈಪು ಹಾಕೋಣ, ಖರ್ಚು ಸಮಪಾಲು, ವರ್ಷಕ್ಕೊಮ್ಮೆ ಹೂಳು ತೆಗೆಯುವುದು ಇವರು' ಎಂದು ಬರೆದುಕೊಳ್ಳಲು ಸಾಧ್ಯ. ಅದಾಲತ್ತಿನ ತೀರ್ಮಾನಕ್ಕೆ ಮೇಲ್ಮನವಿ ಇಲ್ಲ, ಬಾಕಿ ಇದ್ದ ದಾವೆಯಾದರೆ ಕೋರ್ಟ್ ಶುಲ್ಕವೂ ವಾಪಸ್.

ಲೇಔಟಿನಲ್ಲಿ 1882 ಸೋಲುವುದೆಲ್ಲಿ

ಹೊಲ, ತೋಟದ ಜಗಳಕ್ಕೆ ಈ ಹಳೇ ಕಾಯ್ದೆ ಇವತ್ತಿಗೂ ಸಾಕು ಎನ್ನಬಹುದು. ಬಡಾವಣೆಗಳಲ್ಲಿ ಅದು ತಡವರಿಸುತ್ತದೆ. ಕಾರಣ ಸರಳ. ಕಾಯ್ದೆ ಕೇಳುವುದು ನೆಲದ ಸಹಜ ಇಳಿಜಾರು ಯಾವುದು ಅಂತ. ಲೇಔಟ್ ಮಾಡಿದವರು ಗದ್ದೆಗೆ ಲಾರಿಗಟ್ಟಲೆ ಮಣ್ಣು ತುಂಬಿ, ಬದುಗಳನ್ನು ಅಳಿಸಿ, ಕಾಲುವೆ ಮುಚ್ಚಿ, ರಸ್ತೆಯನ್ನು ಸೈಟಿಗಿಂತ ಎತ್ತರಿಸಿ ಹೋಗಿರುತ್ತಾರೆ. ಅಲ್ಲಿ ಸಹಜ ಅನ್ನುವುದು ಏನು ಉಳಿದಿದೆ? ಮೊದಲು ಮನೆ ಕಟ್ಟಿದವರು ಎರಡು ಅಡಿ ಏರಿಸುತ್ತಾರೆ, ಆಮೇಲೆ ಬಂದವರು ಮೂರು ಅಡಿ. ರಸ್ತೆಗೆ ಪ್ರತಿ ಸಲ ಡಾಂಬರು ಹಾಕಿದಾಗ ಅದೂ ಏರುತ್ತದೆ. ಕೊನೆಗೆ ಎಲ್ಲರಿಗಿಂತ ಹಳೇ ಮನೆಯೇ ಎಲ್ಲರಿಗಿಂತ ಕೆಳಗೆ.

ಆ ಮನೆಯವರು ಪಕ್ಕದವರ ಮೇಲೆ ದಾವೆ ಹಾಕಿದರೆ ಕೋರ್ಟು ನಿರ್ಧರಿಸಬಲ್ಲದ್ದು ಒಂದೇ: ಇಬ್ಬರಲ್ಲಿ ಯಾರ ಅಂಗಳದಲ್ಲಿ ನೀರು ನಿಲ್ಲಬೇಕು ಅಂತ. ನೀರಿಗೆ ದಾರಿ ಮಾಡಬೇಕಿದ್ದ ಮೂರನೆಯವರು, ಅಂದರೆ ಚರಂಡಿ ಇಲ್ಲದ ನಕ್ಷೆಗೆ ಒಪ್ಪಿಗೆ ಕೊಟ್ಟ ಪ್ರಾಧಿಕಾರ, ಅದನ್ನು ನಿರ್ವಹಿಸಬೇಕಾದ ಪಂಚಾಯಿತಿ ಅಥವಾ ಪಾಲಿಕೆ, ಕಾಲುವೆ ಮುಚ್ಚಿ ಮಾರಿದ ಡೆವಲಪರ್, ಆ ದಾವೆಯಲ್ಲಿ ಇರುವುದೇ ಇಲ್ಲ. ಇಂಥ ಬಡಾವಣೆಗಳಲ್ಲಿ ನೆರೆಯವರ ಮೇಲಿನ ಗೆಲುವು ಮುಂದಿನ ಮಳೆಗೆ ಕೊಚ್ಚಿಹೋಗುವ ಗೆಲುವು. ಸ್ಥಳೀಯ ಸಂಸ್ಥೆಯನ್ನೂ ಪ್ರತಿವಾದಿ ಮಾಡದೆ, ಚರಂಡಿ ಕಟ್ಟುವಂತೆ ನಿರ್ದೇಶನ ಕೇಳದೆ, ಇಬ್ಬರೇ ಬಡಿದಾಡುವುದರಲ್ಲಿ ಅರ್ಥ ಇಲ್ಲ.

ಹಾಗೆ ಮಾಡಲು ಹೊರಟವರು ಕ್ಯಾಲೆಂಡರ್ ನೋಡಿಕೊಳ್ಳಬೇಕು. ಸರ್ಕಾರದ ಮೇಲೆ ದಾವೆ ಹಾಕುವ ಮೊದಲು ಸಿವಿಲ್ ಪ್ರಕ್ರಿಯಾ ಸಂಹಿತೆಯ 80ನೇ ಕಲಮಿನಡಿ ನೋಟಿಸ್ ಕೊಟ್ಟು ಎರಡು ತಿಂಗಳು ಕಾಯಬೇಕು. ತುರ್ತು ಇದ್ದರೆ ಕೋರ್ಟಿನ ಅನುಮತಿ ಪಡೆದು ಮೊದಲೇ ಹೋಗಲು ಅವಕಾಶ ಇದೆ. ಪಂಚಾಯಿತಿ, ಪಾಲಿಕೆಗಳ ಕಾಯ್ದೆಗಳಲ್ಲಿ ನೋಟಿಸಿನ ನಿಯಮ ಏನಿದೆ ಎಂದು ವಕೀಲರನ್ನು ಮೊದಲೇ ಕೇಳಿಕೊಳ್ಳಬೇಕು. ನೀರು ಮನೆಗೆ ನುಗ್ಗಿದ ಜುಲೈನಲ್ಲಿ ನೋಟಿಸ್ ಕೊಟ್ಟರೆ ಎರಡು ತಿಂಗಳು ಮುಗಿಯುವುದು ಸೆಪ್ಟೆಂಬರ್‌ನಲ್ಲಿ. ಅಷ್ಟರಲ್ಲಿ ಮುಂಗಾರು ಮುಗಿಯುತ್ತಾ ಬಂದಿರುತ್ತದೆ, ಕಮಿಷನರ್ ಬಂದು ನೋಡುವ ಹೊತ್ತಿಗೆ ಅಂಗಳ ಒಣಗಿರುತ್ತದೆ. ಈ ವರ್ಷದ ಮಳೆಯ ಫೋಟೋ, ವಿಡಿಯೋಗಳನ್ನು ತಾರೀಖಿನ ಸಮೇತ ಜೋಡಿಸಿಟ್ಟುಕೊಂಡು ಜನವರಿಯಲ್ಲೇ ನೋಟಿಸ್ ಕೊಟ್ಟರೆ, ಮುಂದಿನ ಜೂನ್‌ಗೆ ಮೊದಲು ಕೋರ್ಟಿನ ಮುಂದೆ ನಿಲ್ಲಬಹುದು.